ಪಂಕ್ತಿಯ ಆ ಕೈ ರೇಡಿಯೊದಲ್ಲಿ ಯಾರಿಗೆ ಕಾಣಿಸಬೇಕು?

ಆಕಾಶವಾಣಿಗೆ ಕಿರುಹಾಸ್ಯಗಳನ್ನು ಬರೆದಿರುವ ನೀವು ಸೆಪ್ಟೆಂಬರಿನಲ್ಲಿ ಓದಿಗೆಂದು ಲಂಡನ್ನಿಗೆ ಬರುತ್ತಿದ್ದೀರಿ. ಬ್ರಿಟಿಷ್ ಹಾಸ್ಯ ನಿರ್ಮಾಪಕ ಜಾನ್ ಲಾಯ್ಡ್ ಅವರಂತೆ ರೇಡಿಯೊ ಹಾಸ್ಯದಿಂದ ಆರಂಭಿಸಿ ಟಿವಿಯವರೆಗೆ ಹೋಗುವ ದಾರಿ ನಮ್ಮಂಥವರಿಗೂ ಇದೆಯೇ, ಇಲ್ಲಿನ ಮನೆ, ಚಳಿ, ಊಟದ ಪಾಡೇನು ಎಂದು ಕೇಳಿದ್ದೀರಿ.

ಬಾಡಿಗೆ ದುಬಾರಿ, ಚಳಿ ರೂಢಿಯಾಗುತ್ತದೆ, ಸಾರಿನ ಪುಡಿಯನ್ನು ಮನೆಯಿಂದಲೇ ತನ್ನಿ. ವೀಸಾದ ವಿಷಯದಲ್ಲಿ ಮಾತ್ರ ಎಚ್ಚರವಿರಲಿ: ವಿದ್ಯಾರ್ಥಿ ವೀಸಾದಲ್ಲಿ ಸ್ವಂತ ಉದ್ಯೋಗಕ್ಕೆ ಅವಕಾಶವಿಲ್ಲ, ಮತ್ತು ಬಿಡಿಬಿಡಿಯಾಗಿ ಹಾಸ್ಯ ಬರೆದು ಸಂಭಾವನೆ ಪಡೆಯುವುದನ್ನೂ ಹಾಗೆಯೇ ಎಣಿಸಬಹುದು. ಆದ್ದರಿಂದ ಹಣದ ಮಾತು ಬಂದಾಗ ಮೊದಲು ವಿಶ್ವವಿದ್ಯಾಲಯದ ವೀಸಾ ಸಲಹೆಗಾರರನ್ನು ಕೇಳಿರಿ.

ಲಾಯ್ಡ್ ಅವರ ಹೆಸರೆತ್ತಿದರೆ ಎಲ್ಲರೂ 1983ರ 'ಬ್ಲ್ಯಾಕ್ ಆ್ಯಡರ್', 1984ರ 'ಸ್ಪಿಟಿಂಗ್ ಇಮೇಜ್', 2003ರ 'ಕ್ಯೂಐ' ಎಂಬ ಟಿವಿ ಕಾರ್ಯಕ್ರಮಗಳನ್ನು ನೆನೆಯುತ್ತಾರೆ. ಆದರೆ ಕೇಂಬ್ರಿಡ್ಜಿನ ಫುಟ್‌ಲೈಟ್ಸ್ ನಾಟಕ ತಂಡದಿಂದ ಬಂದ ಅವರು 1974ರಲ್ಲಿ ಸೇರಿದ್ದು ಬಿಬಿಸಿ ರೇಡಿಯೊವನ್ನು. 1977ರ 'ದಿ ನ್ಯೂಸ್ ಕ್ವಿಜ್' ಎಂಬ ಸುದ್ದಿಹಾಸ್ಯದ ಕಾರ್ಯಕ್ರಮ ಅಲ್ಲಿಯೇ ಹುಟ್ಟಿತು. 1978ರಲ್ಲಿ ಡಗ್ಲಾಸ್ ಆ್ಯಡಮ್ಸ್ ಅವರ 'ಹಿಚ್‌ಹೈಕರ್ಸ್ ಗೈಡ್' ರೇಡಿಯೊ ಸರಣಿಯ ಐದು ಮತ್ತು ಆರನೆಯ ಕಂತುಗಳಿಗೆ ಅವರು ಜೊತೆಬರಹಗಾರರಾದರು. 'ನಾಟ್ ದ ನೈನ್ ಓ ಕ್ಲಾಕ್ ನ್ಯೂಸ್' ಮೂಲಕ ನಿರ್ಮಾಪಕರಾಗಿ ಟಿವಿಗೆ ಕಾಲಿಟ್ಟದ್ದು 1979ರಲ್ಲಿ, ಅಂದರೆ ಐದು ವರ್ಷ ಕಿವಿ ಪಳಗಿದ ಮೇಲೆ. ಕೇಂಬ್ರಿಡ್ಜಿನ ಗೆಳೆತನದ ಬಲವೂ ಅದರಲ್ಲಿತ್ತು ಎಂಬುದನ್ನು ನಾನು ಮುಚ್ಚಿಡುವುದಿಲ್ಲ; ನಮಗೆ ಅದಿಲ್ಲ.

ನಾನು ಲಂಡನ್ನಿಗೆ ಬಂದದ್ದು 1996ರ ಅಕ್ಟೋಬರಿನಲ್ಲಿ. ಹಗಲು ಒಂದು ಕಛೇರಿಯ ಲೆಕ್ಕ, ರಾತ್ರಿ ಹಾಸ್ಯಬರಹ. ನಮ್ಮ ಮದುವೆ ಊಟದ ಪಂಕ್ತಿಯ ಮೇಲೆ ಒಂದು ಚಿಕ್ಕ ಪ್ರಸಂಗ ಬರೆದೆ: ಪಾಯಸ ಬಂದಾಗ ದೊಡ್ಡಪ್ಪ "ಬೇಡ, ಬೇಡ" ಎನ್ನುತ್ತಾ ಎಲೆಗೆ ಕೈ ಅಡ್ಡ ಹಿಡಿಯುತ್ತಾರೆ, ಆದರೆ ಬೆರಳುಗಳ ನಡುವೆ ಸೌಟು ಬಗ್ಗುವಷ್ಟು ಸಂದಿಯನ್ನು ಬಿಟ್ಟಿರುತ್ತಾರೆ. ನಿಮಗೆ ವಿವರಿಸಬೇಕಾಗಿಲ್ಲ. ಓದಿದ ರೇಡಿಯೊ ನಿರ್ಮಾಪಕರೊಬ್ಬರು ನಕ್ಕು, "ಚೆನ್ನಾಗಿದೆ, ಆದರೆ ಆ ಕೈ ರೇಡಿಯೊದಲ್ಲಿ ಯಾರಿಗೆ ಕಾಣಿಸಬೇಕು?" ಎಂದರು. ನಾನು ಅದನ್ನು ಮರ್ಯಾದೆಯ ನಿರಾಕರಣೆ ಎಂದುಕೊಂಡು, ವಂದಿಸಿ, ಹಾಳೆಯನ್ನು ಮಡಚಿ ಹೊರಬಂದೆ. ನಮ್ಮ ಪ್ರಸಂಗ ಇವರಿಗೆಲ್ಲಿ ಹಿಡಿಸೀತು ಎಂದು ನನಗೆ ನಾನೇ ಹೇಳಿಕೊಂಡು, ಮುಂದಿನ ವರ್ಷಗಳಲ್ಲಿ ಇಲ್ಲಿನ ಮಂತ್ರಿಗಳ ಮೇಲೆ ಯಾರಾದರೂ ಬರೆಯಬಹುದಾದ ಚುಟುಕುಗಳನ್ನು ಬರೆದೆ. ಒಂದೆರಡು ಪ್ರಸಾರವೂ ಆದವು.

ನಾನು ಬಂದ ಆ ವರ್ಷವೇ ಬಿಬಿಸಿಯ ರೇಡಿಯೊ 4ರಲ್ಲಿ 'ಗುಡ್‌ನೆಸ್ ಗ್ರೇಶಸ್ ಮಿ' ಶುರುವಾಗಿತ್ತು. ಭಾರತೀಯ ಮೂಲದ ಬ್ರಿಟಿಷ್ ಹಾಸ್ಯನಟರಾದ ಮೀರಾ ಸ್ಯಾಲ್, ಸಂಜೀವ್ ಭಾಸ್ಕರ್ ಮೊದಲಾದವರು ತಮ್ಮ ಮನೆಗಳ ಮಾತನ್ನೇ ನಗೆಯಾಗಿಸಿದರು, 1998ರಲ್ಲಿ ಅದು ಟಿವಿಗೂ ಹೋಯಿತು. ಅದನ್ನು ಕೇಳುತ್ತಿದ್ದರೂ ನನಗೆ ಬುದ್ಧಿ ಬರಲಿಲ್ಲ. ನಿರ್ಮಾಪಕರು ಕೇಳಿದ್ದು ನಿಜವಾಗಿಯೂ ಪ್ರಶ್ನೆಯೇ ಆಗಿತ್ತು, ಉತ್ತರವನ್ನು ಬರೆದು ತಾ ಎಂಬುದು ಅದರ ಅರ್ಥವಾಗಿತ್ತು ಎಂದು ಹೊಳೆಯುವ ಹೊತ್ತಿಗೆ ಹತ್ತು ವರ್ಷ ಕಳೆದಿತ್ತು. ಮುಖವನ್ನೇ ಕಾಣದೆ ಆಕಾಶವಾಣಿಯಲ್ಲಿ ಎ. ಎಸ್. ಮೂರ್ತಿಯವರ ದನಿಯ 'ಈರಣ್ಣ'ನನ್ನು ಮನೆಯವನೆಂದು ನಂಬಿ ಬೆಳೆದ ನನಗೆ ಇದು ತಿಳಿಯದೆ ಹೋದದ್ದು ನಾಚಿಕೆಯ ಸಂಗತಿ.

ಆಮೇಲೆ ಬರೆದೆ. ಕೈಯನ್ನು ತೆಗೆದುಹಾಕಿದೆ, ಬಕೆಟ್ಟಿನ ಅಂಚಿಗೆ ಸೌಟು ತಾಗುವ ಸದ್ದು, ಮೂರು ಸಲ "ಬೇಡ", ಒಂದಕ್ಕಿಂತ ಒಂದು ಮೆಲ್ಲಗೆ, ನಾಲ್ಕನೆಯದರ ಬದಲಿಗೆ ಸೊರ್ರೆಂದು ಪಾಯಸ ಹೀರುವ ಸದ್ದು. ಆ ವೇಳೆಗೆ ಆ ನಿರ್ಮಾಪಕರು ನಿವೃತ್ತರಾಗಿದ್ದರು. ಬೇರೆ ಯಾರಿಗೂ ಕಳುಹಿಸಲು ಮನಸ್ಸಾಗಲಿಲ್ಲ.

ನೀವು ಬಂದ ಮೇಲೆ ಬಿಬಿಸಿಯ ಕೇಂದ್ರ ಕಛೇರಿಯಾದ ಬ್ರಾಡ್‌ಕಾಸ್ಟಿಂಗ್ ಹೌಸಿನ ರೇಡಿಯೊ ಥಿಯೇಟರಿನಲ್ಲಿ ನಡೆಯುವ ಹಾಸ್ಯ ಧ್ವನಿಮುದ್ರಣಗಳಿಗೆ ಅರ್ಜಿ ಹಾಕಿರಿ, ಟಿಕೆಟ್ ಉಚಿತ. ನಟರು ಹಾಳೆಯನ್ನು ಸದ್ದಾಗದಂತೆ ಮಗುಚುವುದನ್ನು, ಯಾವ ಸಾಲಿಗೆ ಸಭೆ ನಗಲಿಲ್ಲ ಎಂಬುದನ್ನು ಗಮನಿಸಿರಿ. ಎರಡು ಟಿಕೆಟ್ ಸಿಕ್ಕರೆ ನನಗೊಂದು ಮಾತು ತಿಳಿಸಿರಿ.