ಚಾಂಪಿಯನ್ಸ್ ಲೀಗ್ ಗೆದ್ದ ಕ್ಯಾಪ್ಟನ್ ಜಾರ್ಜ್ ಕೋಸ್ಟಾ ಕೋಚ್ ಆಗಿ ಯಾಕೆ ಊರೂರು ಸುತ್ತಿದರು?

ನಿಮ್ಮ ಪ್ರಶ್ನೆ ಇದು: ಮುಂಬೈ ಸಿಟಿ ಫುಟ್‌ಬಾಲ್ ತಂಡಕ್ಕೆ ಕೋಚ್ ಆಗಿದ್ದ ಪೋರ್ಚುಗಲ್ಲಿನ ಜಾರ್ಜ್ ಕೋಸ್ಟಾ ನಿಜವಾಗ್ಲೂ ಯುರೋಪಿನ ದೊಡ್ಡ ಕ್ಲಬ್ ಕಪ್ಪಾದ ಚಾಂಪಿಯನ್ಸ್ ಲೀಗ್ ಗೆದ್ದ ತಂಡದ ಕ್ಯಾಪ್ಟನ್ನಾ, ಹಾಗಿದ್ದರೆ ಗ್ಯಾಬನ್, ರೊಮೇನಿಯಾ, ಭಾರತ ಅಂತ ಯಾಕೆ ಅಲೆದರು, ಕೋಚ್ ಆಗಿ ಫೇಲ್ ಆದರಾ ಅಂತ.

ಹೌದು, ಅವರೇ. ಆದರೆ ಒಂದು ಮಾತು ಮೊದಲೇ ಹೇಳಿಬಿಡ್ತೀನಿ, ನಾನು ಬೆಂಗಳೂರು ಎಫ್‌ಸಿ ಅಭಿಮಾನಿ, ಈ ಮನುಷ್ಯನ ಮೇಲೆ ನನಗೆ ಹಳೇ ಸಿಟ್ಟಿದೆ. 2019ರ ಡಿಸೆಂಬರ್ 15, ಭಾನುವಾರ, ಕಂಠೀರವದಲ್ಲಿ ಕೂತಿದ್ದೆ. ಡ್ರಾ ಆಗುತ್ತೆ, ಒಂದು ಪಾಯಿಂಟಾದರೂ ಸಿಗುತ್ತೆ ಅಂದುಕೊಂಡು ಚಪ್ಪಲಿ ಹುಡುಕುತ್ತಿದ್ದಾಗ ಇಂಜುರಿ ಟೈಮಿನಲ್ಲಿ ರೌಲಿನ್ ಬೋರ್ಜಸ್ ಗೋಲು ಹೊಡೆದ. 3-2, ಮುಂಬೈಗೆ. ಅದಕ್ಕೂ ಮುಂಚೆ 2019ರ ಜನವರಿಯಲ್ಲಿ, ಆ ಸೀಸನ್ನಿನಲ್ಲಿ ಸೋಲೇ ಕಾಣದೆ ಓಡುತ್ತಿದ್ದ ನಮ್ಮ ತಂಡವನ್ನು ಮುಂಬೈಯಲ್ಲಿ 1-0ಗೆ ಮುಗಿಸಿದ್ದೂ ಇವರ ಹುಡುಗರೇ. 2020ರ ಜನವರಿಯಲ್ಲಿ ಮತ್ತೆ 2-0. ಸಿಟ್ಟು ಬರದೆ ಇರುತ್ತಾ?

ಆ ಡಿಸೆಂಬರ್ ಭಾನುವಾರ ಮನೆಗೆ ಬಂದು ಯಾರಪ್ಪಾ ಇವನು ಅಂತ ಹುಡುಕಿದೆ. ಹುಡುಕಿದ ಮೇಲೆ ಸಿಟ್ಟು ಅರ್ಧ ಇಳಿಯಿತು.

1971ರಲ್ಲಿ ಪೋರ್ಟೋ ಊರಲ್ಲೇ ಹುಟ್ಟಿ, ಅದೇ ಊರಿನ ಕ್ಲಬ್ಬಿನಲ್ಲಿ ಬೆಳೆದವರು. 1991ರಲ್ಲಿ ಲಿಸ್ಬನ್‌ನಲ್ಲಿ ಬ್ರೆಜಿಲನ್ನು ಪೆನಾಲ್ಟಿಯಲ್ಲಿ ಸೋಲಿಸಿ ಯೂತ್ ವಿಶ್ವಕಪ್ ಗೆದ್ದ ತಂಡದಲ್ಲಿ ಫಿಗೊ, ರುಯಿ ಕೋಸ್ಟಾ ಜೊತೆ ಇವರೂ ಇದ್ದರು. ಅವರಿಬ್ಬರೂ ದೊಡ್ಡ ದುಡ್ಡಿಗೆ ಸ್ಪೇನ್, ಇಟಲಿ ಕಡೆ ಹೋದರು. ಇವರು ಊರು ಬಿಡಲಿಲ್ಲ. ಪೋರ್ಟೋ ಪರ 383 ಪಂದ್ಯ, 8 ಲೀಗ್ ಟೈಟಲ್. ಪೋರ್ಚುಗಲ್ ಪರ 50 ಪಂದ್ಯ. ಅಡ್ಡಹೆಸರು ಬಿಶು. ನಮ್ಮ ಕಿವಿಗೆ ಪಕ್ಕದ ಮನೆ ಮಗುವಿನ ಹೆಸರಿನ ಹಾಗೆ ಕೇಳುತ್ತೆ, ಅರ್ಥ ಮಾತ್ರ ಮೃಗ ಅಂತ. ಆಡುತ್ತಿದ್ದ ರೀತಿಗೆ ಸರಿಯಾಗಿತ್ತು ಅನ್ನಿ. 1996ರಲ್ಲಿ ಎಸಿ ಮಿಲಾನ್ ಜೊತೆಗಿನ ಪಂದ್ಯ ಮುಗಿದ ಮೇಲೆ ಸುರಂಗದ ದಾರಿಯಲ್ಲಿ ಮಿಲಾನ್ ಆಟಗಾರ ಜಾರ್ಜ್ ವೇಯಾ ತಲೆಯಿಂದ ಗುದ್ದಿ ಇವರ ಮೂಗು ಮುರಿದಿದ್ದು ದೊಡ್ಡ ಸುದ್ದಿಯಾಗಿತ್ತು. ತನಗೆ ಜನಾಂಗೀಯ ಬೈಗುಳ ಬೈದರು ಅನ್ನೋದು ವೇಯಾ ಮಾತು, ಇಲ್ಲವೇ ಇಲ್ಲ ಅನ್ನೋದು ಕೋಸ್ಟಾ ಮಾತು. ವೇಯಾಗೆ 6 ಪಂದ್ಯ ನಿಷೇಧ ಆಯಿತು. ಮುಂದೆ ಅವರು ಲೈಬೀರಿಯಾಕ್ಕೆ ಅಧ್ಯಕ್ಷರಾದರು, ಇವರು ಮುಂಬೈಗೆ ಕೋಚ್ ಆದರು, ಎರಡೂ 2018ರಲ್ಲೇ. ನೋಡಿ ವಿಚಿತ್ರ.

ನನಗೆ ಎಲ್ಲಕ್ಕಿಂತ ಇಷ್ಟವಾದ ಕಥೆ 2001ರದ್ದು. ಆಗಿನ ಕೋಚ್ ಒಕ್ಟಾವಿಯೊ ಮಶಾಡೊ ಪಂದ್ಯದ ಮಧ್ಯದಲ್ಲಿ ಇವರನ್ನು ಹೊರಗೆ ಕರೆದರು. ಇವರು ಕ್ಯಾಪ್ಟನ್ ಪಟ್ಟಿಯನ್ನು ಕಿತ್ತು ನೆಲಕ್ಕೆ ಬಿಸಾಕಿದರು. ಮುಗೀತು. ಹತ್ತು ವರ್ಷದಿಂದ ಮನೆಯ ಹಾಗಿದ್ದ ಕ್ಲಬ್ಬಿನಲ್ಲಿ ಜಾಗ ಹೋಯಿತು, ಲಂಡನ್‌ನ ಚಾರ್ಲ್ಟನ್ ಕ್ಲಬ್ಬಿಗೆ ಸ್ವಲ್ಪ ಕಾಲ ಆಡೋಕೆ ಎರವಲಾಗಿ ಕಳಿಸಿದರು. ಅಲ್ಲಿನ ಜನ ಅರ್ಧ ಸೀಸನ್ನಿನಲ್ಲೇ ಟ್ಯಾಂಕ್ ಅಂತ ಹೆಸರಿಟ್ಟು ಹಚ್ಚಿಕೊಂಡರು. ಅಷ್ಟರಲ್ಲಿ ಇತ್ತ ಪೋರ್ಟೋಗೆ ಹೊಸ ಕೋಚ್ ಬಂದರು, ಜೋಸೆ ಮೊರಿನ್ಯೊ. ಬಿಶುವನ್ನು ವಾಪಸ್ ಕರೆಸಿ ಪಟ್ಟಿ ಮತ್ತೆ ತೋಳಿಗೆ ಕಟ್ಟಿಸಿದರು. 2003ರಲ್ಲಿ ಸೆವಿಲ್ಲಾದಲ್ಲಿ ಸೆಲ್ಟಿಕ್ ಮೇಲೆ ಯುರೋಪಿನ ಎರಡನೇ ದೊಡ್ಡ ಕಪ್ಪಾದ ಯುಎಫಾ ಕಪ್, 2004ರ ಮೇ 26ರಂದು ಗೆಲ್ಸೆನ್‌ಕಿರ್ಶೆನ್‌ನಲ್ಲಿ ಮೊನಾಕೊ ಮೇಲೆ 3-0, ಚಾಂಪಿಯನ್ಸ್ ಲೀಗ್. ನೆಲಕ್ಕೆ ಬಿಸಾಕಿದ ಪಟ್ಟಿ ಕಟ್ಟಿಕೊಂಡೇ ಕಪ್ ಎತ್ತಿದರು. 2006ರಲ್ಲಿ ಬೆಲ್ಜಿಯಂನ ಸ್ಟಾಂಡರ್ಡ್ ಲಿಯೇಜ್‌ನಲ್ಲಿ ಅರ್ಧ ಸೀಸನ್ ಆಡಿ ಬೂಟು ಬಿಚ್ಚಿಟ್ಟರು.

ಈಗ ನಿಮ್ಮ ಅಸಲಿ ಪ್ರಶ್ನೆ. ಆಡುವಾಗ ಹೆಚ್ಚು ಕಾಲ ಊರು ಬಿಡದವರು ಕೋಚ್ ಆದ ಮೇಲೆ ಸೂಟ್‌ಕೇಸ್ ಬಿಚ್ಚೋಕೇ ಪುರುಸೊತ್ತಿಲ್ಲದ ಹಾಗೆ ಯಾಕೆ ತಿರುಗಿದರು? ಇದರಲ್ಲಿ ದೊಡ್ಡ ರಹಸ್ಯ ಇಲ್ಲ. ಪೋರ್ಚುಗಲ್ ಚಿಕ್ಕ ದೇಶ, ಟಾಪ್ ಲೀಗಿನಲ್ಲಿರೋದು 18 ಕ್ಲಬ್. ಒಳ್ಳೇ ಸಂಬಳ, ಒಳ್ಳೇ ತಂಡ ಇರೋದು ಮೂರು ನಾಲ್ಕು ಕಡೆ. ಉಳಿದ ಕಡೆ ನಾಲ್ಕು ಪಂದ್ಯ ಸೋತರೆ ಕೋಚ್ ಕೈಗೆ ಬ್ಯಾಗು. ಅದಕ್ಕೇ ಅಲ್ಲಿನ ಕೋಚ್‌ಗಳು ರೊಮೇನಿಯಾ, ಸೈಪ್ರಸ್, ಆಫ್ರಿಕಾ, ಏಷ್ಯಾ ಎಲ್ಲ ಕಡೆ ಸಿಗ್ತಾರೆ. ಹೋಗೋದು ಸೋತವರು ಮಾತ್ರ ಅಂತಲ್ಲ, ಅದು ಅಲ್ಲಿನ ಕಸುಬಿನ ರೀತಿ.

ಪೋರ್ಚುಗಲ್ಲಿನ ಬ್ರಾಗಾ ಕ್ಲಬ್ಬಿನಲ್ಲಿ ಕೋಚಿಂಗ್ ಶುರು ಮಾಡಿದಾಗ ವಯಸ್ಸು 35. ಆಮೇಲೆ ದಕ್ಷಿಣದ ಓಲ್ಯಾಂಸ್ ಅನ್ನೋ ಪುಟ್ಟ ಕ್ಲಬ್ಬಿಗೆ ಹೋಗಿ 2009ರಲ್ಲಿ ಎರಡನೇ ಡಿವಿಷನ್ ಗೆಲ್ಲಿಸಿ, 34 ವರ್ಷದ ನಂತರ ಅವರನ್ನು ಟಾಪ್ ಲೀಗಿಗೆ ತಂದರು. ನನ್ನ ಪ್ರಕಾರ ಅವರ ಕೋಚಿಂಗ್ ಬದುಕಿನ ದೊಡ್ಡ ಕೆಲಸ ಇದೇ. ಆಮೇಲೆ ಪೋರ್ಚುಗಲ್ಲಿನದೇ ಅಕಾಡೆಮಿಕಾ ಕ್ಲಬ್, ರೊಮೇನಿಯಾದ ಸಿಎಫ್‌ಆರ್ ಕ್ಲುಜ್. ಕ್ಲುಜ್‌ನವರು 2012ರ ಏಪ್ರಿಲ್‌ನಲ್ಲಿ ಇವರನ್ನು ಕಳಿಸಿದರು, ಅದೇ ಸೀಸನ್ನಿನಲ್ಲಿ ಲೀಗನ್ನೂ ಗೆದ್ದರು. ಬೆಳೆ ಬೆಳೆದವರು ಒಬ್ಬರು, ರಾಶಿ ಮಾಡಿದವರು ಇನ್ನೊಬ್ಬರು. ಸೈಪ್ರಸ್‌ನಲ್ಲಿ ಎರಡು ಕ್ಲಬ್. 2014ರಿಂದ ಗ್ಯಾಬನ್ ದೇಶದ ತಂಡ, 2015ರ ಆಫ್ರಿಕಾ ಕಪ್ಪಿನಲ್ಲಿ ಗುಂಪು ಹಂತ ದಾಟಲಿಲ್ಲ. 2017ರ ಕಪ್ ಗ್ಯಾಬನ್‌ನಲ್ಲೇ ನಡೆಯಬೇಕಿತ್ತು, ಅದಕ್ಕೆ ಎರಡು ತಿಂಗಳು ಇರುವಾಗ ಮನೆಗೆ ಕಳಿಸಿದರು. ಮದುವೆಗೆ ಚಪ್ಪರ ಹಾಕಿಸಿ ಊಟಕ್ಕೆ ಕರೆಯದ ಹಾಗೆ. ಇವರು ಕೋಚ್ ಆಗಿದ್ದ ಫ್ರಾನ್ಸಿನ ಟೂರ್ ಕ್ಲಬ್ಬು ಎರಡನೇ ಡಿವಿಷನ್ನಿನಿಂದಲೂ ಕೆಳಗೆ ಬಿತ್ತು, ಅದನ್ನು ಸುಮ್ನೆ ಬಿಡೋಣ.

ಮುಂಬೈಗೆ ಬಂದಿದ್ದು 2018ರಲ್ಲಿ. ಇಲ್ಲಿ ಅವರ ಜಾಣತನ ಕಾಣುತ್ತೆ. ಅಕಾಡೆಮಿಕಾ ಮತ್ತು ಕ್ಲುಜ್‌ನಲ್ಲಿ ತಮ್ಮ ಕೈಕೆಳಗೆ ಆಡಿದ್ದ ಸೆನೆಗಲ್‌ನ ಮೊಡೌ ಸೂಗೌ ಇಲ್ಲೂ ಇವರ ತಂಡದಲ್ಲಿದ್ದ. ಆಟ ಸರಳ: ಹಿಂದೆ ಗಟ್ಟಿಯಾಗಿ ನಿಲ್ಲಿ, ಬಾಲ್ ಸಿಕ್ಕ ತಕ್ಷಣ ಓಡಿ. ಸ್ವತಃ ಡಿಫೆಂಡರ್ ಆಗಿದ್ದವರ ತಲೆ ಅಲ್ವಾ. ಸೂಗೌ ಆ ಸೀಸನ್ 12 ಗೋಲು ಹೊಡೆದ, ಅದರಲ್ಲಿ ನಾಲ್ಕು ಕೇರಳ ಬ್ಲಾಸ್ಟರ್ಸ್ ಮೇಲಿನ 6-1 ಪಂದ್ಯದಲ್ಲೇ. (ಅವತ್ತು ಬೆಂಗಳೂರಲ್ಲಿ ನಾವೂ ಖುಷಿಪಟ್ಟೆವು, ಕೇರಳದವರಿಗೂ ನಮಗೂ ಇರೋ ಜಗಳ ಗೊತ್ತಲ್ಲ.) ಲೀಗಿನಲ್ಲಿ ಮೂರನೇ ಸ್ಥಾನ. ಆದರೆ ಸೆಮಿಫೈನಲ್ಲಿನಲ್ಲಿ ಎಫ್‌ಸಿ ಗೋವಾ ಬಂದು ಮುಂಬೈಯಲ್ಲೇ 5-1 ಬಾರಿಸಿತು. ಪಾಸ್ ಮೇಲೆ ಪಾಸ್ ಮಾಡಿ ಎಳೆದಾಡಿಸುವ ತಂಡದ ಎದುರು ಇವರ ಆಟ ಬಿರುಕು ಬಿಡುತ್ತಿತ್ತು, ಅದೇ ಅವರ ಮಿತಿ. ಮುಂದಿನ ಸೀಸನ್ ಐದನೇ ಸ್ಥಾನ, 2020ರ ಮಾರ್ಚ್‌ನಲ್ಲಿ ಬೀಳ್ಕೊಡುಗೆ. ಅವರ ಜಾಗಕ್ಕೆ ಬಂದಿದ್ದು ಯಾರು ಗೊತ್ತಾ? ಆ 5-1ರ ದಿನ ಗೋವಾ ಬೆಂಚಿನಲ್ಲಿ ಕೋಚ್ ಆಗಿ ಕೂತಿದ್ದ ಸೆರ್ಜಿಯೊ ಲೊಬೆರಾ.

ಹಾಗಾಗಿ ಫೇಲ್ ಅಂದರೆ ನಾನು ಒಪ್ಪಲ್ಲ, ದೊಡ್ಡ ಕೋಚ್ ಅಂದರೂ ಒಪ್ಪಲ್ಲ. ಚಿಕ್ಕ ತಂಡವನ್ನು ಒಂದು ಮೆಟ್ಟಿಲು ಹತ್ತಿಸುವ ಕೋಚ್. 2024ರಲ್ಲೂ ಎವಿಎಸ್ ಅನ್ನೋ ಕ್ಲಬ್ಬನ್ನು ಅದರ ಮೊದಲ ಸೀಸನ್ನಿನಲ್ಲೇ ಪ್ಲೇಆಫ್ ಗೆಲ್ಲಿಸಿ ಟಾಪ್ ಲೀಗಿಗೆ ತಂದು ಕೂರಿಸಿದರು.

ಅದೇ ವರ್ಷ ಪೋರ್ಟೋ ಅಧ್ಯಕ್ಷರಾದ ಆಂಡ್ರೆ ವಿಲ್ಲಾಸ್-ಬೋವಾಸ್ ಫುಟ್‌ಬಾಲ್ ಡೈರೆಕ್ಟರ್ ಮಾಡಿ ಮನೆಗೆ ಕರೆಸಿಕೊಂಡರು. ಒಂದು ವರ್ಷ ಸಿಕ್ಕಿತು ಅಷ್ಟೇ. 2025ರ ಆಗಸ್ಟ್ 5ರಂದು ಕ್ಲಬ್ಬಿನ ಓಲಿವಾಲ್ ತರಬೇತಿ ಕೇಂದ್ರದಲ್ಲಿದ್ದಾಗ ಹೃದಯ ಸ್ತಂಭನವಾಗಿ ತೀರಿಕೊಂಡರು. 53 ವರ್ಷ. ಸುದ್ದಿ ಬಂದಾಗ ನಮ್ಮ ಬೆಂಗಳೂರು ಎಫ್‌ಸಿ ಗೆಳೆಯರ ವಾಟ್ಸಾಪ್ ಗುಂಪಿನಲ್ಲಿ ಒಬ್ಬ ಆ 3-2ರ ಟಿಕೆಟ್ ಫೋಟೋ ಹಾಕಿದ. ಯಾರೂ ತಮಾಷೆ ಮಾಡಲಿಲ್ಲ.

ಅವರ ಆಟ ನೋಡಬೇಕಂದ್ರೆ 2004ರ ಫೈನಲ್ ಪೂರ್ತಿ ಪಂದ್ಯ ಹುಡುಕಿ ನೋಡಿ. ಬಾಲ್ ಕಡೆ ಜಾಸ್ತಿ ನೋಡಬೇಡಿ, ಪೋರ್ಟೋದ 2ನೇ ನಂಬರ್ ಕಡೆ ನೋಡಿ.