ಅಂಗಳದಲ್ಲಿ ಕೊಲೆಯಾದರೆ ಕಂಡವರು ಮನೆಯವರೇ ತಾನೆ?

"ಕೊಲೆಯಾದವನ ಹೆಂಡತಿ, ಅಣ್ಣತಮ್ಮಂದಿರ ಮಾತನ್ನೇ ನಂಬಿ ಮೇಲ್ಮನವಿಯಲ್ಲೂ ಜೀವಾವಧಿ ಶಿಕ್ಷೆ ಎತ್ತಿಹಿಡಿಯುತ್ತಾರಲ್ಲ, ಸಂಬಂಧಿಕರು ಸತ್ಯವನ್ನೇ ಹೇಳುತ್ತಾರೆಂಬ ಖಾತ್ರಿ ಏನು? ಹೊರಗಿನವನೊಬ್ಬನಾದರೂ ಸಾಕ್ಷಿ ಹೇಳಬೇಡವೇ?" ಎಂದು ಕಾರ್ಕಳದ ಓದುಗರೊಬ್ಬರು ಕೇಳಿದ್ದಾರೆ. ಹೆಸರು ಹಾಕಬೇಡಿ ಎಂದಿದ್ದಾರೆ, ಹಾಕಿಲ್ಲ.

ನಿಮ್ಮ ಅನುಮಾನ ಪೊಳ್ಳಲ್ಲ. ಹಳೇ ದ್ವೇಷವಿದ್ದಲ್ಲಿ ಕತ್ತಿ ಬೀಸಿದವನ ಜತೆಗೆ ಅವನ ಅಣ್ಣ, ಭಾವ, ಆ ದಿನ ಊರಲ್ಲೇ ಇಲ್ಲದ ಮಗ, ಎಲ್ಲರ ಹೆಸರೂ ದೂರಿನಲ್ಲಿ ಸೇರಿಬಿಡುವುದುಂಟು. 1964ರ ಮಸಲ್ತಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಗುಂಪು ಹಲ್ಲೆಯ ಕೇಸುಗಳಲ್ಲಿ ಎರಡು ಮೂರು ಸಾಕ್ಷಿಗಳಾದರೂ ಒಂದೇ ರೀತಿ ಹೇಳಿದ್ದಾರೆಯೇ ನೋಡಿ ಎಂದದ್ದು ಇದಕ್ಕೇ. ಆದರೆ ಆ ತೀರ್ಪಿನಲ್ಲೇ ಇನ್ನೊಂದು ಮಾತಿದೆ: ಒಂದು ಕಡೆಯವರು ಎಂಬ ಕಾರಣಕ್ಕೇ ಸಾಕ್ಷ್ಯವನ್ನು ಯಾಂತ್ರಿಕವಾಗಿ ತಳ್ಳಿಹಾಕಿದರೆ ನ್ಯಾಯವೇ ಸೋಲುತ್ತದೆ. ಅಲ್ಲಿಂದಾಚೆ ನಾನು ನಿಮ್ಮ ಜತೆ ಬರಲಾರೆ.

ಕಾರ್ಕಳದವರಿಗೆ ನಮ್ಮ ಕಡೆಯ ಮನೆಗಳ ಬಗ್ಗೆ ನಾನು ಹೇಳಬೇಕೆ? ಬಯಲುಸೀಮೆಯ ಹಾಗೆ ಗೋಡೆಗೆ ಗೋಡೆ ತಾಗಿದ ಬೀದಿ ನಮ್ಮಲ್ಲಿಲ್ಲ. ಒಂದು ಮನೆ ಗುಡ್ಡದ ಬುಡದಲ್ಲಿ, ಇನ್ನೊಂದು ಗದ್ದೆಯಾಚೆ. ನಡುವೆ ಅಡಿಕೆ ತೋಟ, ತೋಡು, ಸಂಕ. ಆಟಿಯ ಮಳೆ ಜಡಿಯುವ ರಾತ್ರಿ ಅಂಗಳದಲ್ಲಿ ಕಡಿದರೆ ಕೂಗು ಪಕ್ಕದ ಮನೆಗೂ ಮುಟ್ಟುವುದಿಲ್ಲ. ಕಾಣುವವರು ಹೆಂಡತಿ, ತಾಯಿ, ಮಕ್ಕಳು. ಆ ಹೊತ್ತಿಗೆ ಅಲ್ಲಿ ಹೊರಗಿನವನೊಬ್ಬ ನಿಂತಿದ್ದರೆ, ಅವನೇಕೆ ಬಂದಿದ್ದ ಎಂದೇ ಮೊದಲು ಕೇಳಬೇಕಾಗುತ್ತದೆ.

1953ರ ದಲೀಪ್ ಸಿಂಗ್ ತೀರ್ಪನ್ನು ದಯವಿಟ್ಟು ಹುಡುಕಿ ಓದಿ. ಪಂಜಾಬಿನ ಆ ಕೇಸಿನಲ್ಲಿ ಕಣ್ಣಾರೆ ಕಂಡವರು ಇಬ್ಬರು ಹೆಂಗಸರು. ಅವರ ಮಾತಿಗೆ ಬೇರೆ ಆಧಾರ ಬೇಕೆಂದು ಹೈಕೋರ್ಟು ಹೇಳಿತ್ತು. ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ವಿವಿಯನ್ ಬೋಸ್ ಒಪ್ಪಲಿಲ್ಲ. ಸಾಕ್ಷಿ ಹೇಳಿದವರು ಹೆಂಗಸರು, ಏಳು ಗಂಡಸರ ಹಣೆಬರಹ ಅವರ ಮಾತಿನ ಮೇಲೆ ನಿಂತಿದೆ ಎಂಬುದೇ ಕಾರಣವಾದರೆ ಅಂಥ ನಿಯಮವೇ ಇಲ್ಲ ಎಂದರು. ಹತ್ತಿರದ ಸಂಬಂಧಿ ನಿಜವಾದ ಕೊಲೆಗಾರನನ್ನು ಬಿಟ್ಟು ನಿರಪರಾಧಿಯನ್ನು ಸಿಕ್ಕಿಸಲು ಸಾಮಾನ್ಯವಾಗಿ ಒಪ್ಪುವುದಿಲ್ಲ ಎಂದರು. ದ್ವೇಷ ಕುದಿಯುತ್ತಿದ್ದಾಗ ಎಚ್ಚರವಿರಲಿ ಎಂದೂ ಸೇರಿಸಿದರು. ಗಂಡನನ್ನು ಕಡಿದವನು ಹೊರಗೆ ಓಡಾಡಿಕೊಂಡಿರಲಿ, ಬೇರೆ ಯಾರಾದರೂ ಜೈಲಿಗೆ ಹೋಗಲಿ ಎಂದು ಯಾವ ಹೆಂಡತಿ ಬಯಸುತ್ತಾಳೆ, ಹೇಳಿ? 1981ರ ಕಲ್ಕಿ ಪ್ರಕರಣದಲ್ಲೂ ಹಾಗೆಯೇ: ಸಂಬಂಧಿಯಾದ ಮಾತ್ರಕ್ಕೆ ತೀರ್ಪಿನಿಂದ ಲಾಭ ಪಡೆಯುವವಳಾಗುವುದಿಲ್ಲ, ಸತ್ತವನ ಹೆಂಡತಿ ಸಹಜ ಸಾಕ್ಷಿ ಎಂದಾಯಿತು.

ಮಂಗಳೂರಿನ ನ್ಯಾಯಾಲಯವೊಂದರಲ್ಲಿ ಒಬ್ಬ ತಾಯಿಯ ಪಾಟೀ ಸವಾಲು ನೋಡಿದ್ದೇನೆ. ಎಷ್ಟು ಅಡಿ ದೂರದಿಂದ ನೋಡಿದಿರಿ ಎಂದು ವಕೀಲರು ಕೇಳಿದರು. ಆಕೆಗೆ ಅಡಿಲೆಕ್ಕ ಗೊತ್ತಿಲ್ಲ. ಕಟಕಟೆಯಿಂದ ಕೈ ಚಾಚಿ, ಜಗಲಿಯಿಂದ ತುಳಸಿಕಟ್ಟೆಗೆ ಎಷ್ಟೋ ಅಷ್ಟು ಎಂದು ತುಳುವಿನಲ್ಲಿ ಹೇಳಿದರು. ಪೊಲೀಸರ ಮುಂದೆ ಕೊಟ್ಟ ಹೇಳಿಕೆಯಲ್ಲಿ ತುಳಸಿಕಟ್ಟೆಯೇ ಇಲ್ಲವಲ್ಲ ಎಂದು ಮರುಪ್ರಶ್ನೆ ಬಂತು. ಬರೆದುಕೊಂಡ ಪೊಲೀಸರು ಬಿಟ್ಟದ್ದಕ್ಕೆ ಆ ಮುದುಕಿ ಸುಳ್ಳಿಯಾಗಬೇಕೆ? ಕಂಡದ್ದನ್ನೆಲ್ಲ ವಿಡಿಯೋ ಹಾಕಿದಂತೆ ಯಾರೂ ಹೇಳಲಾರರು ಎಂದು ಸುಪ್ರೀಂ ಕೋರ್ಟು 1983ರಲ್ಲೇ ಹೇಳಿದೆ. ಮೇಲ್ಮನವಿ ಕೇಳುವ ನ್ಯಾಯಮೂರ್ತಿಗಳ ಎದುರು ಆ ಚಾಚಿದ ಕೈ ಇರುವುದಿಲ್ಲ, ಟೈಪಾದ ಹಾಳೆ ಮಾತ್ರ ಇರುತ್ತದೆ.

ಇನ್ನು ನೀವು ನೆಚ್ಚಿಕೊಂಡ ಹೊರಗಿನವರು. ಪೊಲೀಸರು ಸ್ಥಳ ನೋಡಿ ಬರೆದ ಮಹಜರಿಗೆ ಸಾಕ್ಷಿಯಾಗಿ ಸಹಿ ಹಾಕಿದ ಪಂಚ, ಠಾಣೆಗೆ ಕರೆದು ಸಹಿ ಹಾಕಿಸಿದರು ಎಂದು ಕೈತೊಳೆದುಕೊಳ್ಳುತ್ತಾನೆ. ಜಗಳ ಕಂಡ ಅಂಗಡಿಯವ ತಾನು ಆ ದಿನ ಬಾಗಿಲೇ ತೆರೆದಿರಲಿಲ್ಲ ಎನ್ನುತ್ತಾನೆ. ಅವರನ್ನೂ ಪೂರ್ತಿ ದೂರಲಾರೆ; ನಾಳೆ ಅದೇ ಊರಲ್ಲಿ ಬದುಕಬೇಕಲ್ಲ. ಸಾಕ್ಷಿಗಳ ರಕ್ಷಣೆಗೆಂದು 2018ರಲ್ಲಿ ಸುಪ್ರೀಂ ಕೋರ್ಟು ಒಪ್ಪಿದ ಯೋಜನೆ ಇದೆ. ಹಾಗೊಂದಿದೆ ಎಂದು ಸಮನ್ಸ್ ತರುವ ಪೊಲೀಸರು ಹೇಳಿದ್ದನ್ನು ನಾನಂತೂ ಕೇಳಿಲ್ಲ. ಎಲ್ಲರೂ ತಿರುಗಿಬಿದ್ದ ಮೇಲೆ ಕಟಕಟೆಯಲ್ಲಿ ಉಳಿಯುವುದು ಮನೆಯವರೊಬ್ಬರೇ. ಅವರನ್ನೂ ನಂಬಬೇಡಿ ಎನ್ನುತ್ತೀರಿ.

ಆರೋಪಿ ಖುಲಾಸೆಯಾದರೆ ಸಂತ್ರಸ್ತರ ಕುಟುಂಬವೇ ಮೇಲ್ಮನವಿ ಹಾಕಬಹುದೆಂಬ ಹಕ್ಕು 2009ರ ಕೊನೆಯಿಂದ ಇದೆ. ಆದರೆ ಹಾಕುವುದು ಎಲ್ಲಿ? ಧಾರವಾಡ, ಕಲಬುರಗಿಗೆ 2008ರಲ್ಲಿ ಹೈಕೋರ್ಟಿನ ಸಂಚಾರಿ ಪೀಠ ಬಂತು, 2013ರಲ್ಲಿ ಅದು ಕಾಯಂ ಆಯಿತು. ನಮ್ಮ ಉಡುಪಿ, ಮಂಗಳೂರಿನ ವಿಧವೆ ಮಾತ್ರ ಫೈಲು ಹಿಡಿದು ಘಾಟಿ ಹತ್ತಿ ಬೆಂಗಳೂರಿಗೇ ಹೋಗಬೇಕು. ವಕೀಲರ ಫೀಸು, ಬಸ್ಸು, ವಸತಿ ಎಲ್ಲ ಅವಳದೇ. ಮಂಗಳೂರಿಗೊಂದು ಪೀಠ ಬೇಕೆಂಬ ಬೇಡಿಕೆ ಹಾಗೇ ಬಿದ್ದಿದೆ. ನಿಮ್ಮ ಬರವಣಿಗೆಯಲ್ಲಿ ಕಸುವಿದೆ. ಇದರ ಬಗ್ಗೆಯೂ ಅಷ್ಟೇ ಸಿಟ್ಟಿನಿಂದ ಬರೆದು ಕಳಿಸಿ, ಪೂರ್ತಿ ಪುಟ ಕೊಡುತ್ತೇನೆ.

— ಸಂ.