ಸಂಪಾದಕರ ಉತ್ತರ: ‘ನಮ್ಮ ಮನೆಯೇ ಏಕೆ?’

ಮಾನ್ಯ ಓದುಗರೇ,

ಕೈದಿಗಳ ಕುಟುಂಬಗಳ ಸಂಕಟ ಕುರಿತು ಕಳೆದ ಸಂಚಿಕೆಯಲ್ಲಿ ಬಂದ ಲೇಖನ ನಿಮ್ಮನ್ನು ನೋಯಿಸಿದೆ. ‘ಮನೆಗೆ ಕಳ್ಳ ನುಗ್ಗಿದ ಮೇಲೆ ನಾನು ದೀಪ ಆರಿಸಿ ಮಲಗಿಲ್ಲ. ನನ್ನಂಥವರ ಬಗ್ಗೆ ಒಂದು ಸಾಲೂ ಇಲ್ಲವಲ್ಲ?’ ಎಂದು ಕೇಳಿದ್ದೀರಿ. ಇರಬೇಕಿತ್ತು. ಅದು ನಮ್ಮ ತಪ್ಪು.

ಆ ಕಳ್ಳನಿಗೆ ಶಿಕ್ಷೆಯಾದ ರಾತ್ರಿಯೂ ನಿದ್ದೆ ಬರಲಿಲ್ಲ ಎಂದಿದ್ದೀರಿ. ‘ನಮ್ಮ ಮನೆಯನ್ನೇ ಏಕೆ ಆರಿಸಿಕೊಂಡ?’ ಎಂಬುದು ಇಂದಿಗೂ ನಿಮಗೆ ಗೊತ್ತಿಲ್ಲ. ನಾನು ನಿಂತು ಓದಿದ್ದು ಇದೇ ಸಾಲನ್ನು. ನ್ಯಾಯಾಲಯದಲ್ಲಿ ನೀವು ಸಾಕ್ಷಿ ಮಾತ್ರ. ಅವನು ಉತ್ತರ ಕೊಡಬೇಕಾದದ್ದು ಕಾನೂನಿಗೆ, ನಿಮಗಲ್ಲ. ಈಗ ಅವನು ಒಳಗೆ ದಿನ ಎಣಿಸುತ್ತಾನೆ. ಅವನಿಗೊಂದು ಮಗುವಿದ್ದರೆ, ಅಪ್ಪ ಎಲ್ಲಿ ಎಂದು ಕೇಳಿದವರಿಗೆ ಸುಳ್ಳು ಹೇಳುವುದನ್ನು ಅದು ಕಲಿಯುತ್ತಿರುತ್ತದೆ. ಹೊರಬಂದ ದಿನ ಕೆಲಸ ಕೊಡುವವರಿಗಿಂತ ಮೊದಲು ಹಳೆಯ ಸಹವಾಸವೇ ಅವನನ್ನು ಹುಡುಕಿಕೊಂಡು ಬರಬಹುದು. ಇಷ್ಟೆಲ್ಲ ಆದರೂ ನಿಮ್ಮ ದೀಪ ಉರಿಯುತ್ತಲೇ ಇದೆ.

ಉತ್ತರವನ್ನು ನೊಂದವರಿಗೇ ಕೊಡಿಸುವ ದಾರಿಯೂ ಒಂದಿದೆ. 1974ರಲ್ಲಿ ಕೆನಡಾದ ಎಲ್ಮೈರಾ ಎಂಬ ಪಟ್ಟಣದಲ್ಲಿ ಇಬ್ಬರು ಯುವಕರು ಕುಡಿದು 22 ಕಡೆ ಜನರ ಆಸ್ತಿ ಹಾಳುಮಾಡಿದರು; ಕಿಟಕಿ ಒಡೆದರು, ಕಾರಿನ ಟೈರು ಸೀಳಿದರು. ಅವರು ನಷ್ಟ ಅನುಭವಿಸಿದವರನ್ನೇ ಭೇಟಿಯಾಗಲಿ ಎಂದು ಪ್ರೊಬೇಷನ್ ಅಧಿಕಾರಿಯೊಬ್ಬರು (ಸೆರೆಗೆ ಕಳಿಸದೆ ಬಿಟ್ಟ ಅಪರಾಧಿಗಳ ಮೇಲೆ ನಿಗಾ ಇಡುವವರು) ಸೂಚಿಸಿದರು, ನ್ಯಾಯಾಧೀಶರು ಒಪ್ಪಿದರು. ಇಬ್ಬರೂ ಬಾಗಿಲು ಬಾಗಿಲಿಗೆ ಹೋಗಿ ‘ಮಾಡಿದ್ದು ನಾವೇ’ ಎಂದು ಒಪ್ಪಿಕೊಳ್ಳಬೇಕಾಯಿತು. ನಷ್ಟದ ಲೆಕ್ಕ ಕೇಳಿಕೊಂಡು ಬಂದು, ಕೆಲವೇ ತಿಂಗಳಲ್ಲಿ ಹಣ ತುಂಬಿಕೊಟ್ಟರು. ತಪ್ಪು ಮಾಡಿದವರು ನೊಂದವರಿಗೇ ಉತ್ತರ ಕೊಟ್ಟು, ಆದ ಹಾನಿಯನ್ನು ಸರಿಪಡಿಸುವ ಈ ಕ್ರಮವನ್ನು ಈಗ ಪುನಃಸ್ಥಾಪನಾ ನ್ಯಾಯ ಎಂದು ಕರೆಯುತ್ತಾರೆ; ಅದರ ಆರಂಭಗಳಲ್ಲಿ ಇದೂ ಒಂದು. ನ್ಯೂಜಿಲೆಂಡ್ 1989ರಲ್ಲಿ ಬಾಲಾಪರಾಧಿಗಳ ವಿಷಯದಲ್ಲಿ ಕುಟುಂಬದವರು ಕೂಡಿ ಕುಳಿತು ಮಾತಾಡುವ ಸಭೆಯನ್ನು ಕಾನೂನಿಗೇ ಸೇರಿಸಿತು. ನೊಂದವರಿಗೂ ಅಲ್ಲಿ ಕುರ್ಚಿಯಿದೆ.

ಇದು ಕಳ್ಳನಿಗೆ ತೋರುವ ಕನಿಕರ ಎಂದು ನೀವು ಹೇಳಬಹುದು. ನಾನು ಒಪ್ಪುವುದಿಲ್ಲ. ನಿಮ್ಮೆದುರು ಕುಳಿತು, ನಿಮ್ಮ ಎರಡು ವರ್ಷಗಳ ರಾತ್ರಿಗಳ ಕಥೆಯನ್ನು ತಲೆ ತಗ್ಗಿಸದೆ ಕೇಳುವುದು ಸೆರೆಯ ಗೋಡೆಯ ಹಿಂದೆ ಕೂರುವುದಕ್ಕಿಂತ ಕಷ್ಟ. ಹಾಗೆಂದು ಯಾರನ್ನೂ ಬಲವಂತವಾಗಿ ಎದುರುಬದುರು ಕೂರಿಸಬಾರದು. ಹೊಡೆಯುವ ಗಂಡನ ಮುಂದೆ ಹೆಂಡತಿಯನ್ನು ಕೂರಿಸಿ ‘ರಾಜಿ’ ಮಾಡಿಸುವುದು ನ್ಯಾಯವಲ್ಲ. ಹೊರಗಿದ್ದರೆ ಮತ್ತೊಬ್ಬರ ಜೀವಕ್ಕೆ ಅಪಾಯವಾಗುವವರನ್ನು ಸೆರೆಯಲ್ಲಿಡಲೇಬೇಕು.

ನಿಮ್ಮ ಪತ್ರವನ್ನು ಈ ಸಂಚಿಕೆಯಲ್ಲಿ ಒಂದಕ್ಷರವೂ ಬಿಡದೆ ಪ್ರಕಟಿಸಿದ್ದೇವೆ. ಅವನು ಎದುರಿಗೆ ಕುಳಿತರೆ ಇನ್ನೇನು ಕೇಳುವಿರಿ ಎಂಬುದನ್ನೂ ಬರೆಯುವಿರಾ? ಮುಂದಿನ ಸಂಚಿಕೆಯಲ್ಲಿ ಅದಕ್ಕೆ ಜಾಗ ಕಾದಿರಿಸಿದ್ದೇನೆ.

— ಸಂಪಾದಕ